ಉಳಿದವನ ಋಣ

ನಮ್ಮ ನಗರದಿಂದ ಬೆಂಗಳೂರಿಗೆ ಹೊರಟವರಿಗೆ ಶಂಶಾಬಾದ್ ತಪ್ಪಿದ್ದಲ್ಲ. ರಸ್ತೆಯ ಪ್ರಯಾಣಿಕರು ಅದನ್ನು ದಾಟಿಯೇ ಜಡಚರ್ಲ, ಕರ್ನೂಲು, ಅನಂತಪುರಗಳ ದಾರಿ ಹಿಡಿಯಬೇಕು. ವಿಮಾನದಲ್ಲಿ ಹೋಗುವವರಿಗೂ 2008ರ ಮಾರ್ಚಿನಿಂದ ಬೇಗಂಪೇಟೆಯ ಬದಲು ಶಂಶಾಬಾದೇ ಬಾಗಿಲಾಯಿತು. ಅಲ್ಲಿ ಸರದಿಯಲ್ಲಿ ನಿಂತಾಗ ಮುಂದೆಯೋ ಹಿಂದೆಯೋ ಸೈನಿಕನೊಬ್ಬ ಇರುವುದು ಅಪರೂಪವೇನಲ್ಲ. ರಜೆಯ ಮೇಲೆ ಊರಿಗೆ ಹೊರಟವನ ಮುಖ ಒಂದು ಬಗೆ. ರಜೆ ಮುಗಿಸಿ ಮರಳುವವನ ಮುಖ ಇನ್ನೊಂದು ಬಗೆ. ನಾವು ಅವನಿಗೆ ದಾರಿ ಬಿಡುತ್ತೇವೆ, ಮಕ್ಕಳಿಗೆ ತೋರಿಸುತ್ತೇವೆ, ನಮ್ಮ ಪಾಡಿಗೆ ನಾವು ಮುಂದೆ ಸಾಗುತ್ತೇವೆ. ನಮ್ಮ ಗೌರವದ ಕೆಲಸ ಅಲ್ಲಿಗೆ ಮುಗಿದಂತೆ.

ಅವನ ಕೆಲಸ ಮಾತ್ರ ಮುಗಿಯುವುದಿಲ್ಲ. ಸಿಪಾಯಿಗೆ ನಿವೃತ್ತಿ ಬೇಗ ಬರುತ್ತದೆ. ನಮ್ಮ ಕಚೇರಿಗಳಲ್ಲಿ ಬಡ್ತಿಯ ಮಾತು ನಡೆಯುತ್ತಿರುವ ವಯಸ್ಸಿಗೇ ಅವನು ಪಿಂಚಣಿ ಪಡೆದು ಮನೆಗೆ ಬಂದಿರುತ್ತಾನೆ. ಮಕ್ಕಳ ಓದು, ಮನೆಯ ಸಾಲ, ಬ್ಯಾಂಕಿನ ಬಾಗಿಲಲ್ಲೋ ಕಾರ್ಖಾನೆಯ ಗೇಟಿನಲ್ಲೋ ಕಾವಲಿನ ಎರಡನೆಯ ನೌಕರಿ, ಹೀಗೆ ಅವನ ಬಾಳೂ ನಮ್ಮ ಬಾಳಿನಂತೆಯೇ ನಡೆಯುತ್ತದೆ. ಆದರೆ ಯುದ್ಧವನ್ನು ಕಂಡು ಬಂದವನ ಜೊತೆಯಲ್ಲಿ ಇನ್ನೊಬ್ಬನೂ ಮನೆಗೆ ಬಂದಿರುತ್ತಾನೆ. ಅವನು ಪಕ್ಕದ ಹಾಸಿಗೆಯಲ್ಲಿ ಮಲಗುತ್ತಿದ್ದವನು, ಒಂದೇ ತಟ್ಟೆಯಲ್ಲಿ ಉಂಡವನು, ಹಿಂದಿರುಗಿ ಬಾರದವನು. ಬದುಕಿ ಬಂದವನು ಆ ಬಾರದವನಿಗೆ ಏನು ಸಲ್ಲಿಸಬೇಕು? ಏನನ್ನಾದರೂ ಸಲ್ಲಿಸಲೇಬೇಕೆ? ಈ ಪ್ರಶ್ನೆಯನ್ನು ವಾಚಕ ಬಾಂಧವರ ಮುಂದಿಟ್ಟು ಕೊಂಚ ವಿಚಾರ ಮಾಡುವುದು ಈ ಲೇಖನದ ಉದ್ದೇಶ.

ನಮ್ಮ ಭಾಷೆಯಲ್ಲಿ 'ನೆನಪಾಗುವುದು' ಎಂದರೆ ಒಂದು ಅರ್ಥ, 'ನೆನೆಯುವುದು' ಎಂದರೆ ಇನ್ನೊಂದು. ನೆನಪಾಗುವುದು ತಾನಾಗಿ ನಡೆಯುತ್ತದೆ. ಮಳೆ ಬಂದರೆ ಆಗುತ್ತದೆ, ಪಟಾಕಿ ಸಿಡಿದರೆ ಆಗುತ್ತದೆ, ಬೇಡವೆಂದರೂ ಆಗುತ್ತದೆ. ನೆನೆಯುವುದು ಹಾಗಲ್ಲ, ಅದು ನಾವು ಎದ್ದು ಕುಳಿತು ಮಾಡುವ ಕೆಲಸ. ಬೆಳಗಾಗೆದ್ದು ಯಾರನ್ನು ನೆನೆಯಬೇಕೆಂಬ ಪ್ರಶ್ನೆ ನಮ್ಮ ಜನಪದರಿಗೆ ಹೊಳೆದದ್ದೂ ಈ ಅರ್ಥದಲ್ಲಿಯೇ. ನೆನಪು ದುಃಖದ ಸಂಗತಿಯಾದರೆ ನೆನೆಯುವುದು ಧರ್ಮದ ಸಂಗತಿ.

ನಮ್ಮ ಹಿರಿಯರು ಮನುಷ್ಯನಿಗೆ ದೇವಋಣ, ಋಷಿಋಣ, ಪಿತೃಋಣಗಳೆಂಬ ಮೂರು ಸಾಲಗಳುಂಟೆಂದರು. ಜೊತೆಗಾರನ ಸಾಲಕ್ಕೆ ಇವುಗಳಲ್ಲಿ ನೇರವಾದ ಹೆಸರಿಲ್ಲ. ಆದರೂ ಅದನ್ನು ಅವರು ಮರೆತಿರಲಿಲ್ಲ. ಮಹಾಲಯ ಪಕ್ಷದ ಚತುರ್ದಶಿಯನ್ನು ಶಸ್ತ್ರದಿಂದ ಮಡಿದವರಿಗೆ ಮೀಸಲಿಟ್ಟರು. ತರ್ಪಣದ ಪಟ್ಟಿಯಲ್ಲಿ ತಂದೆ, ತಾತಂದಿರ ಹಿಂದೆ ಗುರುವಿಗೂ ಗೆಳೆಯನಿಗೂ ಒಂದು ಬೊಗಸೆ ನೀರಿಟ್ಟರು. ರಕ್ತಸಂಬಂಧವಿಲ್ಲದವನಿಗೂ ನಾವು ಬಾಕಿಯಿರಬಹುದು ಎಂಬ ತಿಳಿವಳಿಕೆ ಇದರಲ್ಲಿದೆ. ಸೇನೆಯಲ್ಲಂತೂ ಈ ಬಾಕಿ ಜಾತಿ, ಮತ, ಭಾಷೆಗಳನ್ನೆಲ್ಲ ದಾಟಿ ನಿಲ್ಲುತ್ತದೆ. ಬಾರದವನು ನಮಾಜು ಮಾಡುತ್ತಿದ್ದವನಾಗಿರಬಹುದು, ಇಗರ್ಜಿಗೆ ಹೋಗುತ್ತಿದ್ದವನಾಗಿರಬಹುದು. ಉಳಿದವನ ಸಾಲ ಕಡಿಮೆಯಾಗುವುದಿಲ್ಲ.

ಈ ಸಾಲ ತೀರಿಸಲು ಕಲ್ಲು ನಿಲ್ಲಿಸಿದರೆ ಸಾಕೆ? ಕನ್ನಡ ನಾಡು ವೀರಗಲ್ಲುಗಳ ನಾಡು. ಹಳ್ಳಿಯ ಕೆರೆ ಏರಿಯ ಮೇಲೆ, ಗುಡಿಯ ಮಗ್ಗುಲಲ್ಲಿ, ಹೊಲದ ಬದುವಿನಲ್ಲಿ ಇವು ನಿಂತಿವೆ. ಇಂಥ ಕಲ್ಲುಗಳಲ್ಲಿ ವಿಚಿತ್ರವಾದದ್ದೂ ಮನನೀಯವಾದದ್ದೂ ಮಂಡ್ಯ ಜಿಲ್ಲೆ ಮದ್ದೂರು ತಾಲೂಕಿನ ಆತಕೂರಿನದು. ಕ್ರಿ. ಶ. 949-50ರ ಕಾಲದ ಈ ಶಾಸನ ಇಂದು ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ. ತಕ್ಕೋಲದ ಯುದ್ಧದಲ್ಲಿ ಗಂಗರ ಬೂತುಗನ ಪರವಾಗಿ ಹೋರಾಡಿದ ಮಣಲರನೆಂಬ ವೀರನಿಗೆ ಒಡೆಯನು ಮೆಚ್ಚಿ, ಬೇಕಾದುದನ್ನು ಕೇಳು ಎಂದನಂತೆ. ಮಣಲರನು ಕೇಳಿದ್ದು ಕಾಳಿ ಎಂಬ ಬೇಟೆನಾಯಿಯನ್ನು. ಮುಂದೆ ಆ ನಾಯಿ ಕಾಡುಹಂದಿಯೊಂದರೊಡನೆ ಕಾದಾಡಿ, ಹಂದಿಯೂ ತಾನೂ ಒಟ್ಟಿಗೆ ಸತ್ತವು. ಜೊತೆಗಾರನಾದ ಆ ನಾಯಿಗೆ ಆತಕೂರಿನಲ್ಲಿ ಕಲ್ಲು ನಿಂತಿತು. ಕಲ್ಲಿನ ಪೂಜೆಗೆ ಭೂಮಿಯೂ ದತ್ತಿಯಾಯಿತು.

ಶಾಸನ ಇಷ್ಟಕ್ಕೇ ನಿಲ್ಲುವುದಿಲ್ಲ. ಆ ಭೂಮಿಯನ್ನು ಅನುಭವಿಸುವ ಗೊರವನು ಕಲ್ಲಿಗೆ ಪೂಜೆ ಸಲ್ಲಿಸದೆ ಉಂಡರೆ, ಆ ನಾಯಿ ಮಾಡಿದ ಪಾಪ ಅವನಿಗೆ ತಗಲುತ್ತದೆಂದು ಎಚ್ಚರಿಸುತ್ತದೆ. ಇದನ್ನು ಓದಿದವರಿಗೆ ಮೊದಲು ನಗು ಬರಬಹುದು. ಯೋಚಿಸಿದರೆ ಆ ಕಾಲದವರ ವಿವೇಕ ತಿಳಿಯುತ್ತದೆ. ಕಲ್ಲು ತಾನೇ ನೆನೆಯಲಾರದೆಂಬುದು ಅವರಿಗೆ ಗೊತ್ತಿತ್ತು. ಅದಕ್ಕೆ ಪ್ರತಿದಿನ ಒಬ್ಬ ಮನುಷ್ಯ ಬೇಕು. ತನ್ನ ಊಟಕ್ಕೆ ಮುಂಚೆ ಸತ್ತವರನ್ನು ನೆನೆಯುವ ಹೊಣೆ ಹೊತ್ತವನು ಬೇಕು.

ಹೊಣೆ ಹೊರುವವರಿಲ್ಲದ ಕಲ್ಲು ಏನಾಗುತ್ತದೆ ಎಂಬುದಕ್ಕೆ ನಮಗೆ, ಮೈಸೂರು ಮೂಲದ ಹೈದರಾಬಾದಿಗರಿಗೆ, ಹತ್ತಿರದ ನಿದರ್ಶನವೊಂದು ದೆಹಲಿಯಲ್ಲಿದೆ. ಮೊದಲನೆಯ ಮಹಾಯುದ್ಧದಲ್ಲಿ ಮೈಸೂರು, ಹೈದರಾಬಾದು, ಜೋಧಪುರ ಸಂಸ್ಥಾನಗಳ ಅಶ್ವದಳಗಳು ಒಂದೇ ಬ್ರಿಗೇಡಿನಲ್ಲಿ ಸೇರಿ ಪಶ್ಚಿಮ ಏಷ್ಯಾದಲ್ಲಿ ಹೋರಾಡಿದವು. 1918ರ ಸೆಪ್ಟೆಂಬರ್ 23ರಂದು ಹೈಫಾ ಪಟ್ಟಣವನ್ನು ಗೆದ್ದ ದಾಳಿಯಲ್ಲಿ ಮುಂದೆ ನಿಂತವರು ಜೋಧಪುರದ ಮತ್ತು ಮೈಸೂರಿನ ಸವಾರರು. ಕಾರ್ಮೆಲ್ ಬೆಟ್ಟದ ಇಳಿಜಾರಿನಲ್ಲಿ ಮೆಷಿನ್ ಗನ್ನುಗಳ ಎದುರಿಗೆ ಕುದುರೆ ಹತ್ತಿಸಿದವರು ನಮ್ಮ ಮೈಸೂರಿನವರು. ಈ ಮೂರು ದಳಗಳ ನೆನಪಿಗೆ 1922ರಲ್ಲಿ ದೆಹಲಿಯಲ್ಲಿ ಮೂರು ಸೈನಿಕರ ಪ್ರತಿಮೆಗಳು ನಿಂತವು. ಅವುಗಳಿಂದಲೇ ಎದುರಿಗಿದ್ದ ಭವನಕ್ಕೆ 'ತೀನ್ ಮೂರ್ತಿ' ಎಂಬ ಹೆಸರು ಬಂದಿತು. ಆದರೆ ಆ ಹೆಸರು ಕೇಳಿದವರಿಗೆ ನೆನಪಾಗುತ್ತಿದ್ದುದು ಅಲ್ಲಿ ವಾಸವಾಗಿದ್ದ ನೆಹರೂ ಅವರು. ಮೂರು ಮೂರ್ತಿಗಳು ಯಾರವೆಂದು ಕೇಳಿದರೆ ಉತ್ತರ ಹೇಳಬಲ್ಲವರು ವಿರಳ. 2018ರಲ್ಲಿ ಆ ವೃತ್ತಕ್ಕೆ ಹೈಫಾ ಹೆಸರನ್ನೂ ಸೇರಿಸಬೇಕಾಯಿತು. ಹಾಗಿದ್ದೂ ಆ ನೆನಪು ಪೂರ್ತಿ ಅಳಿಯದೆ ಉಳಿದದ್ದು ಹೇಗೆ? ಸಂಸ್ಥಾನಗಳ ಅಶ್ವದಳಗಳಿಂದ 1953ರಲ್ಲಿ ರೂಪುಗೊಂಡ 61ನೇ ಕ್ಯಾವಲ್ರಿಯ ಸೈನಿಕರು ವರ್ಷ ವರ್ಷವೂ ಹೈಫಾ ದಿನವನ್ನು ಆಚರಿಸುತ್ತ ಬಂದದ್ದು ಅದಕ್ಕೆ ಒಂದು ಮುಖ್ಯ ಕಾರಣ. ಆತಕೂರಿನ ಗೊರವನ ಕೆಲಸವನ್ನು ಇಲ್ಲಿ ಸಿಪಾಯಿಗಳು ಮಾಡಿದರು.

ಇನ್ನು ಒಬ್ಬನೇ ಒಬ್ಬ ಜೊತೆಗಾರನ ವಿಷಯಕ್ಕೆ ಬರೋಣ. ಕೊಡಗಿನ ಅಜ್ಜಮಾಡ ಬಿ. ದೇವಯ್ಯನವರು ವಾಯುಪಡೆಯಲ್ಲಿ ಸ್ಕ್ವಾಡ್ರನ್ ಲೀಡರ್ ಆಗಿದ್ದರು. 1965ರ ಸೆಪ್ಟೆಂಬರ್ 7ರ ನಸುಕಿನಲ್ಲಿ ಪಂಜಾಬಿನ ಆದಂಪುರದಿಂದ 1ನೇ ಸ್ಕ್ವಾಡ್ರನ್ನಿನ ಮಿಸ್ಟೇರ್ ವಿಮಾನಗಳು ಪಾಕಿಸ್ತಾನದ ಸರ್ಗೋಧಾ ನೆಲೆಯ ಮೇಲೆ ದಾಳಿಗೆ ಹೊರಟವು. ಮುಂದಾಳು ವಿಂಗ್ ಕಮಾಂಡರ್ ಓ. ಪಿ. ತನೇಜಾ. ದೇವಯ್ಯನವರದು ಬದಲಿಯ ಸ್ಥಾನ. ಯಾರಾದರೂ ಹಿಂದುಳಿದರೆ ಮಾತ್ರ ಅವರು ಹೋಗಬೇಕಿತ್ತು. ಹಿಂದುಳಿದವರಿದ್ದರು, ಅವರು ಹೋದರು, ಹಿಂದಿರುಗಲಿಲ್ಲ. ಜೊತೆಗಾರರು ಯಾರೂ ಅವರ ಅಂತ್ಯವನ್ನು ಕಾಣಲಿಲ್ಲ. ಕಡತದಲ್ಲಿ ಉಳಿದದ್ದು 'ಕಾಣೆಯಾದರು' ಎಂಬ ಒಂದು ಮಾತು.

ಈ ಮಾತಿನ ಭಾರವನ್ನು ಊಹಿಸಿಕೊಳ್ಳಬೇಕು. ಮಡಿದರು ಎಂದರೆ ಮನೆಯವರು ಅತ್ತು, ಕ್ರಿಯೆಗಳನ್ನು ಮುಗಿಸಿ, ನಿಧಾನವಾಗಿ ಬದುಕಿಗೆ ಮರಳುತ್ತಾರೆ. ಕಾಣೆಯಾದರು ಎಂದರೆ ಅಳುವುದಕ್ಕೂ ಬಿಡದ, ಕಾಯುವುದಕ್ಕೂ ಬಿಡದ ಅವಸ್ಥೆ. ಅಷ್ಟೇ ಅಲ್ಲ, ಕಂಡವರಿಲ್ಲದ ಶೌರ್ಯ ಲೋಕದ ಲೆಕ್ಕದಲ್ಲಿ ನಡೆದೇ ಇಲ್ಲದಂತೆ.

ಸಂಗತಿ ಹೊರಬಂದದ್ದು ಎದುರಾಳಿಯ ಕಡೆಯಿಂದ. ಜಾನ್ ಫ್ರಿಕರ್ ಎಂಬ ಬ್ರಿಟಿಷ್ ಲೇಖಕರು ಪಾಕಿಸ್ತಾನ ವಾಯುಪಡೆಯವರ ಮಾಹಿತಿಯನ್ನು ಆಧರಿಸಿ 1965ರ ವಾಯುಯುದ್ಧದ ಬಗ್ಗೆ ಬರೆದ ಪುಸ್ತಕ 1979ರಲ್ಲಿ ಪ್ರಕಟವಾಯಿತು. ಆ ಬೆಳಗ್ಗೆ ತಮ್ಮ ಸ್ಟಾರ್‌ಫೈಟರ್ ವಿಮಾನವೊಂದು ಭಾರತದ ಮಿಸ್ಟೇರ್ ವಿಮಾನದೊಡನೆ ನಡೆದ ಕಾಳಗದಲ್ಲಿ ನಷ್ಟವಾದ ವಿವರ ಅದರಲ್ಲಿತ್ತು. ಸ್ಟಾರ್‌ಫೈಟರ್ ಎಂದರೆ ಶಬ್ದದ ಎರಡು ಪಟ್ಟು ವೇಗದಲ್ಲಿ ಹಾರಬಲ್ಲ ಅಮೆರಿಕದ ವಿಮಾನ. ಮಿಸ್ಟೇರ್ ಅದಕ್ಕೆ ಯಾವ ರೀತಿಯಲ್ಲೂ ಸಾಟಿಯಲ್ಲ. ಅದರ ಚಾಲಕ ಅಮ್ಜದ್ ಹುಸೇನ್ ಧುಮುಕುಕೊಡೆಯಿಂದ ಇಳಿದು ಬದುಕಿದರು. ಅವರೊಡನೆ ಕಾದಿದ ಮಿಸ್ಟೇರ್ ಯಾರದು? ತಾಳೆ ನೋಡಿದಾಗ ದೊರೆತ ಉತ್ತರ, ದೇವಯ್ಯನವರದು.

ಪುಸ್ತಕದಲ್ಲಿ ಬಂದ ಮಾತ್ರಕ್ಕೆ ಸರ್ಕಾರದ ಕಡತ ತಾನಾಗಿ ಏಳುವುದಿಲ್ಲವೆಂಬುದು ನಮಗೆಲ್ಲ ಗೊತ್ತು. ವಾಯುಪಡೆಯಲ್ಲಿ ವಿಷಯದ ಪರಿಶೀಲನೆ ನಡೆಯಿತು. ಸಲ್ಲಬೇಕಾದ ಮನ್ನಣೆ ತಡವಾದರೂ ಸಲ್ಲಲೇಬೇಕೆಂದು ಪಟ್ಟು ಹಿಡಿದವರಲ್ಲಿ ಅಂದಿನ ಮುಂದಾಳು ತನೇಜಾ ಅವರೂ ಒಬ್ಬರು. 1988ರಲ್ಲಿ, ಅಂದರೆ ಘಟನೆ ನಡೆದು 23 ವರ್ಷಗಳ ಬಳಿಕ, ದೇವಯ್ಯನವರಿಗೆ ಮರಣೋತ್ತರವಾಗಿ ಮಹಾವೀರ ಚಕ್ರ ಘೋಷಣೆಯಾಯಿತು. ಇಂದು ಮಡಿಕೇರಿಗೆ ಹೋದವರು ಅವರ ಪ್ರತಿಮೆಯನ್ನು ಕಾಣಬಹುದು.

ತನೇಜಾ ಅವರಿಗೆ ಇದರಿಂದ ಬರುವುದೇನಿತ್ತು? ಅವರು ಕೊಡಗಿನವರಲ್ಲ, ದೇವಯ್ಯನವರ ನಂಟರಲ್ಲ. ಆದರೆ ದಾಳಿಗೆ ಹೋದ ಮುಂದಾಳಿನ ಮೊದಲ ಕೆಲಸ ಮರಳಿದವರನ್ನು ಎಣಿಸುವುದು. ಎಣಿಕೆಯಲ್ಲಿ ಒಬ್ಬರು ಕಡಿಮೆಯಾದರೆ, ಆ ಒಬ್ಬರು ಏನಾದರೆಂದು ಹೇಳುವತನಕ ಆ ದಿನದ ಕೆಲಸ ಮುಗಿಯುವುದಿಲ್ಲ. ಅದಕ್ಕೆ 23 ವರ್ಷ ಬೇಕಾದರೂ ಸರಿಯೆ. ಉಳಿದವನ ಋಣ ಎಂದರೆ ನನ್ನ ತಿಳಿವಿನಲ್ಲಿ ಇದು: ಸತ್ತವನ ಪರವಾಗಿ ನಿಜವಾದ ಸಾಕ್ಷಿ ನುಡಿಯುವುದು. ಹಾರ ಹಾಕುವುದು, ಭಾಷಣ ಮಾಡುವುದು ಇವೆಲ್ಲ ಯಾರೂ ಮಾಡಬಹುದಾದ ಕೆಲಸಗಳು. ಸಾಕ್ಷಿ ಹೇಳುವುದು ಜೊತೆಯಲ್ಲಿದ್ದವನಿಂದ ಮಾತ್ರ ಆಗುವ ಕೆಲಸ. ಅವನು ತಪ್ಪಿದರೆ ಬೇರೊಬ್ಬರು ಆ ಸ್ಥಾನಕ್ಕೆ ಬರಲಾರರು.

ಇದಕ್ಕೆ ಬರುವ ಆಕ್ಷೇಪಗಳೂ ಇವೆ. ಯುದ್ಧದ ನೆನಪನ್ನು ಕಾಯ್ದಿಡುವುದೆಂದರೆ ಹಗೆಯನ್ನು ಕಾಯ್ದಿಟ್ಟಂತಲ್ಲವೇ ಎಂದು ಕೇಳುವವರಿದ್ದಾರೆ. ಈ ಭಯ ಸುಳ್ಳಲ್ಲ. ವೀರರ ಹೆಸರು ಹೇಳಿ ಹಗೆ ಬೆಳೆಸುವವರನ್ನು ನಾವು ನೋಡಿಲ್ಲವೇ? ಆದರೆ ದೇವಯ್ಯನವರ ಪ್ರಕರಣವನ್ನೇ ಮತ್ತೆ ನೋಡಿ. ಅವರ ಶೌರ್ಯ ನಮಗೆ ತಿಳಿದದ್ದು ಎದುರಾಳಿಗಳು ತಮ್ಮ ನಷ್ಟವನ್ನು ಹೇಳಿಕೊಂಡದ್ದರಿಂದ. ಎದುರಾಳಿಯನ್ನು ಬರಿಯ ರಾಕ್ಷಸನೆಂದು ತಿಳಿದು ಅವನ ಮಾತಿಗೆ ಕಿವಿ ಮುಚ್ಚಿಕೊಂಡಿದ್ದರೆ ನಮ್ಮ ವೀರನನ್ನೇ ನಾವು ಕಳೆದುಕೊಂಡಿರುತ್ತಿದ್ದೆವು. ನಿಜವನ್ನು ಹುಡುಕುವ ಸ್ಮರಣೆಯಲ್ಲಿ ಎದುರಿನವನಿಗೂ ಒಂದು ಮುಖವಿರುತ್ತದೆ. ಹಗೆ ಬೆಳೆಯುವುದು ನಿಜ ಸಾಲದೆ ಕತೆ ಕಟ್ಟತೊಡಗಿದಾಗ.

ಕತೆ ಕಟ್ಟುವ ಆಸೆ ಪ್ರೀತಿಯಿಂದಲೂ ಹುಟ್ಟುತ್ತದೆ. ಅದನ್ನು ತಡೆಯುವುದು ಇನ್ನೂ ಕಷ್ಟ. ಮೂರು ದಳಗಳಿಗೆ ಮೂರು ಮೂರ್ತಿಗಳಿವೆಯೆಂದು ನಾವು ಹೈದರಾಬಾದಿನ ಅಭಿಮಾನದಿಂದ, ಹೈಫಾದ ದಾಳಿಯಲ್ಲಿ ಹೈದರಾಬಾದಿನ ಸವಾರರೂ ಮುಂದಿದ್ದರೆಂದು ಹೇಳಿಬಿಡಬಹುದು. ಅದು ಜೋಧಪುರದವರಿಗೂ ಮೈಸೂರಿನವರಿಗೂ ಮಾಡುವ ಅನ್ಯಾಯ. ಹೈದರಾಬಾದಿನವರಿಗೂ ಅದು ಗೌರವವಲ್ಲ, ಅವರು ನಿಜವಾಗಿ ಮಾಡಿದ ಸೇವೆ ಮಾಡದ ಸೇವೆಯ ಅಡಿಯಲ್ಲಿ ಮುಚ್ಚಿಹೋಗುತ್ತದೆ. ಒಬ್ಬ ವ್ಯಕ್ತಿಯ ವಿಷಯದಲ್ಲೂ ಹೀಗೆಯೇ. ಚಳಿಗೆ ಗೊಣಗುತ್ತಿದ್ದ, ಮನೆಯ ಪತ್ರಕ್ಕೆ ಕಾಯುತ್ತಿದ್ದ, ಹೆದರಿಕೆಯಿದ್ದೂ ಮುಂದೆ ಹೆಜ್ಜೆಯಿಟ್ಟ ಗೆಳೆಯನನ್ನು ಹೆದರಿಕೆಯೇ ಅರಿಯದ ವೀರನನ್ನಾಗಿ ಮಾಡಿದರೆ, ಅವನ ತಾಯಿಗೂ ಅವನ ಗುರುತು ಸಿಗಲಾರದು.

ಇನ್ನು ಕೆಲವರು ಬಾಯಿಯನ್ನೇ ಬಿಡುವುದಿಲ್ಲ. ಯುದ್ಧ ಕಂಡ ಎಷ್ಟೋ ಹಿರಿಯರು ಹೆಂಡತಿ ಮಕ್ಕಳ ಮುಂದೂ ಅದರ ಮಾತು ಎತ್ತುವುದಿಲ್ಲ. ಅವರನ್ನು ಕೆದಕಿ ಕೇಳುವುದು ಸರಿಯೆ? ಇಲ್ಲಿ ಎರಡನ್ನು ಬೇರೆ ಮಾಡಿ ನೋಡಬೇಕೆಂದು ನನಗೆ ತೋರುತ್ತದೆ. ನೋವು ಅವರ ಸ್ವಂತದ್ದು. ಅದನ್ನು ಹೇಳಿಕೊಳ್ಳುವುದೂ ಬಿಡುವುದೂ ಅವರ ಇಷ್ಟ. ಆದರೆ ಸಂಗತಿ ಅವರೊಬ್ಬರ ಸ್ವತ್ತಲ್ಲ. ಯಾರು, ಯಾವ ಊರಿನವನು, ಎಂದು, ಎಲ್ಲಿ, ಏನು ಮಾಡುತ್ತಿದ್ದಾಗ ಮಡಿದ, ಇವು ಸತ್ತವನಿಗೂ ಅವನ ಮಕ್ಕಳಿಗೂ ಸೇರಿದ ಆಸ್ತಿ. ಉಳಿದವನ ಬಳಿ ಅದು ಇಡುಗಂಟಾಗಿ ಇದೆ. ಇಡುಗಂಟನ್ನು ಒಪ್ಪಿಸದೆ ಹೋಗುವುದು ನ್ಯಾಯವಲ್ಲ.

ಒಪ್ಪಿಸುವುದು ಹೇಗೆಂಬುದೇ ಎಲ್ಲಕ್ಕಿಂತ ಕಠಿಣವಾದ ಪ್ರಶ್ನೆ. ರಜೆಯಲ್ಲಿ ಗೆಳೆಯನ ಊರಿಗೆ ಹೋದ ಸೈನಿಕನನ್ನು ಆ ತಾಯಿ ಕೇಳುತ್ತಾಳೆ: "ನನ್ನ ಮಗ ಬಹಳ ನರಳಿದನೇನಪ್ಪಾ?" ನರಳಿದ್ದು ನಿಜವಾದರೆ ಏನು ಹೇಳಬೇಕು? ನಿಜ ಹೇಳಲೇಬೇಕೆಂದು ಕಟ್ಟುನಿಟ್ಟಾಗಿ ನುಡಿಯುವವರು ಆ ಜಗಲಿಯ ಮೇಲೆ ಕುಳಿತು ನೋಡಬೇಕು. ಹೇಳುವುದಕ್ಕೆ ಒಂದು ಕಾಲವಿದೆ, ಒಂದು ಅಳತೆಯಿದೆ. ಅಂದು ಅವನು ಹೇಳದೆ ಉಳಿಸಿಕೊಂಡರೆ ಅದು ದಯೆ. ಆದರೆ ನಡೆಯದ್ದನ್ನು ನಡೆದಂತೆ ಹೇಳತೊಡಗಿದರೆ, ಮುಂದೊಂದು ದಿನ ಆ ಮನೆಯ ಮೊಮ್ಮಗ ಬಂದು ಕೇಳಿದಾಗ ಅವನಲ್ಲಿ ಕೊಡಲು ಏನೂ ಉಳಿದಿರುವುದಿಲ್ಲ. ತಾಯಿಗೆ ಹೇಳಲಾಗದ್ದನ್ನು ಕಾಗದದ ಮೇಲೆ ಬರೆದಿಟ್ಟುಕೊಳ್ಳಬಹುದು. ದಯೆಯೂ ಉಳಿಯಿತು, ನಿಜವೂ ಉಳಿಯಿತು.

ಇಷ್ಟೆಲ್ಲ ಹೇಳಿದ್ದು ಸಾಕ್ಷಿ ಉಳಿದಿರುವಾಗಿನ ಮಾತು. ಸಾಕ್ಷಿಯೇ ಉಳಿಯದಿದ್ದರೆ? 2016ರ ಫೆಬ್ರುವರಿ 3ರಂದು ಸಿಯಾಚಿನ್‌ನಲ್ಲಿ ಸುಮಾರು 19,600 ಅಡಿ ಎತ್ತರದ ಠಾಣೆಯ ಮೇಲೆ ಹಿಮ ಕುಸಿದು ಮದ್ರಾಸ್ ರೆಜಿಮೆಂಟಿನ ಠಾಣೆಯಲ್ಲಿದ್ದ ಹತ್ತು ಮಂದಿ ಹೂತುಹೋದರು. ಆರು ದಿನಗಳ ಬಳಿಕ ಜೀವಸಹಿತ ಹೊರಬಂದ ಧಾರವಾಡ ಜಿಲ್ಲೆ ಬೆಟದೂರಿನ ಲ್ಯಾನ್ಸ್ ನಾಯಕ್ ಹನುಮಂತಪ್ಪ ಕೊಪ್ಪದರಿಗಾಗಿ ದೇಶವೇ ಹರಕೆ ಹೊತ್ತಿತು. ಫೆಬ್ರುವರಿ 11ರಂದು ಅವರೂ ತೀರಿಕೊಂಡರು. ಅವರ ಹೆಸರು ನಮಗೆಲ್ಲ ನೆನಪಿದೆ. ಅದೇ ಹಿಮದಡಿ ಹಾಸನ ಜಿಲ್ಲೆ ತೇಜೂರಿನ ಸುಬೇದಾರ್ ನಾಗೇಶ್ ಅವರಿದ್ದರು, ಮೈಸೂರು ಜಿಲ್ಲೆ ಹೆಗ್ಗಡದೇವನಕೋಟೆ ಕಡೆಯ ಸಿಪಾಯಿ ಮಹೇಶ್ ಇದ್ದರು, ನಾವು ಬೆಂಗಳೂರಿನ ದಾರಿಯಲ್ಲಿ ದಾಟುವ ಕರ್ನೂಲಿನ ಜಿಲ್ಲೆಯಿಂದ ಹೋದ ಸಿಪಾಯಿ ಮುಷ್ತಾಕ್ ಅಹ್ಮದ್ ಇದ್ದರು. ತಮಿಳರು, ಮಲೆಯಾಳಿ, ಮರಾಠಿಗರೂ ಇದ್ದರು. ಇವರ ಹೆಸರುಗಳು ನಮ್ಮಲ್ಲಿ ಎಷ್ಟು ಮಂದಿಗೆ ಗೊತ್ತು? ಕೊನೆಯ ಗಳಿಗೆಯನ್ನು ಹೇಳುವವರು ಯಾರೂ ಉಳಿಯಲಿಲ್ಲ. ಆದರೆ ಅದಕ್ಕೆ ಹಿಂದಿನ ವಾರ, ಹಿಂದಿನ ವರ್ಷ ಅವರೊಡನೆ ಇದ್ದವರು ಇದ್ದಾರೆ. ಹತ್ತು ಜನರಲ್ಲಿ ಒಬ್ಬರು ಲೋಕಕ್ಕೆ ತಿಳಿದರೆ, ಉಳಿದ ಒಂಬತ್ತು ಜನರನ್ನು ನೆನೆಯುವ ಭಾರ ಜೊತೆಗಾರರ ಹೆಗಲ ಮೇಲೆ ಬೀಳುತ್ತದೆ.

ಆ ಭಾರದಲ್ಲಿ ನಮಗೂ ಪಾಲಿದೆ. ಊರಲ್ಲಿದ್ದವರಿಗೆ ಊರಿನ ಕಲ್ಲುಗಳಾದರೂ ಇವೆ. ಕೊಡಗಿನಲ್ಲಿ ಹಿರಿಯರನ್ನು ನೆನೆಯಲು ಐನ್‌ಮನೆಗಳ ಬಳಿ ಕೈಮಡಗಳಿವೆ. ಮಡಿಕೇರಿಯ 'ಸನ್ನಿಸೈಡ್' ಮನೆಯನ್ನು ಜನರಲ್ ತಿಮ್ಮಯ್ಯನವರ ವಸ್ತುಸಂಗ್ರಹಾಲಯವಾಗಿ ಉಳಿಸಲು ನಿವೃತ್ತ ಸೈನಿಕರು ವರ್ಷಗಟ್ಟಲೆ ಶ್ರಮಿಸಿದರು, 2021ರ ಫೆಬ್ರುವರಿಯಲ್ಲಿ ಅದು ತೆರೆಯಿತು. ನಮ್ಮ ಸಿಕಂದರಾಬಾದಿನ ಪರೇಡ್ ಮೈದಾನದಲ್ಲಿಯೂ ವೀರುಲ ಸೈನಿಕ ಸ್ಮಾರಕವಿದೆ, ಅಲ್ಲಿ ಹೂವಿನ ಚಕ್ರವಿಟ್ಟು ವಂದಿಸುತ್ತಾರೆ. ಆದರೆ ವಲಸೆ ಬಂದ ಕುಟುಂಬದಲ್ಲಿ ನೆನಪು ಬಲುಬೇಗ ಸವೆಯುತ್ತದೆ. ತಿರುಮಲಗಿರಿ, ಬೊಲಾರಂ, ಸೈನಿಕಪುರಿಗಳ ಕಡೆ ನೆಲೆಸಿದ ಮಾಜಿ ಸೈನಿಕರಲ್ಲಿ ಕನ್ನಡಿಗರೂ ಇದ್ದಾರೆ. ಅವರು ರೆಜಿಮೆಂಟಿನಲ್ಲಿ ಹಿಂದಿ ಆಡಿದರು, ಕಡತಕ್ಕೆ ಇಂಗ್ಲಿಷಿನಲ್ಲಿ ಬರೆದರು, ಬೀದಿಯಲ್ಲಿ ತೆಲುಗು ಆಡುತ್ತಾರೆ. ಸತ್ತ ಗೆಳೆಯನ ಮಾತು ಬಂದಾಗ ಮಾತ್ರ ಅವರ ಬಾಯಿಗೆ ಕನ್ನಡವೇ ಬರುತ್ತದೆ. ಅದನ್ನು ಕೇಳಿ ಅರ್ಥಮಾಡಿಕೊಳ್ಳುವ ಮೊಮ್ಮಕ್ಕಳು ಮನೆಯಲ್ಲಿರುತ್ತಾರೆಯೆ?

ಆದ್ದರಿಂದ ನಮ್ಮ ಸಂಘದ ಬಾಂಧವರಲ್ಲಿ ಒಂದು ವಿನಂತಿ. ನಿಮ್ಮ ಮನೆಯಲ್ಲಿ, ನಿಮ್ಮ ಬೀದಿಯಲ್ಲಿ ಸೇನೆಯಲ್ಲಿದ್ದ ಹಿರಿಯರಿದ್ದರೆ ಒಂದು ಸಂಜೆ ಹೋಗಿ ಕುಳಿತುಕೊಳ್ಳಿ. ಅವರ ಪರಾಕ್ರಮದ ಬಗ್ಗೆ ಕೇಳಬೇಡಿ, ಅವರು ಸಂಕೋಚಪಡುತ್ತಾರೆ. ಅವರ ಜೊತೆಗಾರರ ಬಗ್ಗೆ ಕೇಳಿ. ಹೆಸರು, ಊರು, ದಳ, ತಾರೀಖು ಗುರುತು ಹಾಕಿಕೊಳ್ಳಿ. ಅವರು ಕಣ್ಣಾರೆ ಕಂಡದ್ದನ್ನೂ ಕಿವಿಯಾರೆ ಕೇಳಿದ್ದನ್ನೂ ಬೇರೆ ಬೇರೆಯಾಗಿ ಬರೆಯಿರಿ. ಅವರು ನಿಲ್ಲಿಸಿದ ಕಡೆ ನೀವೂ ನಿಲ್ಲಿಸಿ. ಮಕ್ಕಳನ್ನು ಪಕ್ಕದಲ್ಲಿ ಕೂರಿಸಿಕೊಳ್ಳಿ. ಬರೆಯುವ ಕೆಲಸ ಅವರದೇ ಆದರೆ ಇನ್ನೂ ಒಳ್ಳೆಯದು, ಕನ್ನಡದ ಅಕ್ಷರಕ್ಕೆ ಇದಕ್ಕಿಂತ ಒಳ್ಳೆಯ ಉಪಯೋಗ ಬೇಕೆ? ಆತಕೂರಿನವರು ನಾಯಿಯೊಂದರ ನೆನಪಿಗೆ ಭೂಮಿ ಬಿಟ್ಟರು. ನಮ್ಮ ನಡುವಿನ ಹಿರಿಯರೊಬ್ಬರಿಗೆ ನಾವು ಬಿಡಬೇಕಾದದ್ದು ಒಂದು ಸಂಜೆಯ ಹೊತ್ತು.